ನಗೆಗೆ ಸರಕಾದ ಗಂಡಸಿನ ಮೈ

ನಮ್ಮ ಸಿನಿಮಾದಲ್ಲಿ ಗಂಡಸಿಗೆ ಪೊಲೀಸರ ಲಾಠಿ ಬಿದ್ದರೆ ಥಿಯೇಟರ್ ಮೌನವಾಗುತ್ತದೆ. ಅವನ ಪ್ಯಾಂಟಿಗೆ ಯಾರಾದರೂ ಕೈ ಹಾಕಿದರೆ ಶಿಳ್ಳೆ ಬೀಳುತ್ತದೆ. ‘ತ್ರೀ ಈಡಿಯಟ್ಸ್’ (2009) ಹೊಸ ಹುಡುಗರ ಬಟ್ಟೆ ಬಿಚ್ಚಿಸುವ ರ‍್ಯಾಗಿಂಗಿನಿಂದ ಹಿಡಿದು, ವೇದಿಕೆಯ ಮೇಲೆ ಬಲಾತ್ಕಾರವನ್ನೇ ಚಟಾಕಿ ಮಾಡುವ ಭಾಷಣದವರೆಗೆ ಇದೇ ಜಾಡು ಹಿಡಿದದ್ದು. ಕನ್ನಡದ ಕಾಮಿಡಿ ಶೋಗಳಲ್ಲಿ ಹೆಣ್ಣುವೇಷದ ನಟ ಅತಿಥಿಯ ಮೈಮೇಲೆ ಬೀಳುತ್ತಾನೆ, ಅತಿಥಿ ಬಿಡಿಸಿಕೊಳ್ಳಲು ಒದ್ದಾಡುತ್ತಾನೆ, ಎದುರು ಕೂತವರು ಬಿದ್ದು ಬಿದ್ದು ನಗುತ್ತಾರೆ. ಜೈಲಿನ ದೃಶ್ಯ ಬಂದರಂತೂ ಒಬ್ಬ ದಢೂತಿ ಕೈದಿ ನಾಯಕನ ಗೆಳೆಯನಿಗೆ ಕಣ್ಣು ಹೊಡೆಯಲೇಬೇಕು! ಇಂಥಲ್ಲೆಲ್ಲ ಕ್ಯಾಮೆರಾ ನಗುವವರ ಪಕ್ಷ. ಒದ್ದಾಡುವವನ ಮುಖದ ಮೇಲೆ ಅದು ನಿಲ್ಲುವುದೇ ಅಪರೂಪ.

ಜನಕ್ಕೆ ಬೇಕಾದದ್ದೇ ಇದು ಎನ್ನುವ ಸಮಜಾಯಿಷಿಯನ್ನು ಮಳವಳ್ಳಿ ಸೀಮೆಯಲ್ಲಿ ಕೂತು ಒಪ್ಪುವುದು ಕಷ್ಟ. ನೀಲಗಾರರು ತಂಬೂರಿ ಹಿಡಿದು ಮಂಟೇಸ್ವಾಮಿ ಕಾವ್ಯ ಹಾಡುವಾಗ, ಕಬ್ಬಿಣದ ಭಿಕ್ಷೆಗೆ ಹಲಗೂರಿಗೆ ಬಂದ ಮಂಟೇಸ್ವಾಮಿಯ ಶಿಷ್ಯ ಸಿದ್ದಪ್ಪಾಜಿಗೆ ಅಲ್ಲಿನ ಪಾಂಚಾಳರು ಕೊಡುವ ಚಿತ್ರಹಿಂಸೆಯನ್ನು ಇಲ್ಲಿನ ಗಂಡಸರು ರಾತ್ರಿಯೆಲ್ಲ ಕೂತು ಕೇಳುತ್ತಾರೆ. ಅದು ಲೈಂಗಿಕ ಹಿಂಸೆಯ ಕಥೆಯಲ್ಲ, ನಿಜ. ಆದರೂ ಗಂಡಸೊಬ್ಬನ ಮೈ ಪಡುವ ಪಾಡಿಗೆ ನಗದೆ ಕಿವಿಗೊಡಬಲ್ಲ ಕೇಳುಗರು ಇದೇ ನೆಲದಲ್ಲಿದ್ದಾರೆ. ಅವರನ್ನು ನಂಬುವ ಧೈರ್ಯ ಟಿ.ವಿ.ಯವರಿಗಿಲ್ಲ, ಅಷ್ಟೆ.

ಗಂಡಸಿನ ಮೇಲಿನ ಲೈಂಗಿಕ ಹಿಂಸೆಯನ್ನು ಗಂಭೀರವಾಗಿ ಹೇಳಿದವರೂ ಇದ್ದಾರೆ. ಓನೀರ್ ನಿರ್ದೇಶನದ ‘ಐ ಆಮ್’ (2010) ಚಿತ್ರದ ಅಭಿಮನ್ಯುವಿನ ಕಥೆ ನಡೆಯುವುದು ನಮ್ಮ ಬೆಂಗಳೂರಿನಲ್ಲೇ. ಬಾಲ್ಯದಲ್ಲಿ ಮಲತಂದೆಯಿಂದ ದೌರ್ಜನ್ಯಕ್ಕೆ ಸಿಕ್ಕವನು ದೊಡ್ಡವನಾದ ಮೇಲೂ ಅದರಿಂದ ಬಿಡುಗಡೆಯಾಗದ ಕಥೆ ಅದು. ನೆಟ್‌ಫ್ಲಿಕ್ಸ್‌ನ ‘ಬೇಬಿ ರೇನ್‌ಡಿಯರ್’ (2024) ಇನ್ನೂ ಮುಂದೆ ಹೋಗುತ್ತದೆ. ತನಗಾದದ್ದನ್ನೇ ಆಧರಿಸಿ ಬರೆದು ತಾನೇ ನಟಿಸಿದ ರಿಚರ್ಡ್ ಗ್ಯಾಡ್, ಹಿಂಸಿಸಿದವನ ಮನೆಗೇ ಮತ್ತೆ ಮತ್ತೆ ಹೋಗುವ ಸಂತ್ರಸ್ತನ ಗೊಂದಲವನ್ನು ಮುಚ್ಚಿಡುವುದಿಲ್ಲ. ಯಾಕೆ ಓಡಿಹೋಗಲಿಲ್ಲ ಎಂದು ಕೇಳುವವರಿಗೆ ಅದಕ್ಕಿಂತ ಒಳ್ಳೆಯ ಉತ್ತರವನ್ನು ನಾನು ತೆರೆಯ ಮೇಲೆ ಕಂಡಿಲ್ಲ.

ಅಭಿಮನ್ಯುವಿನ ಕಥೆಗೆ ಪ್ರೇರಣೆಯಾದ ಹರೀಶ್ ಅಯ್ಯರ್ 2012ರ ಮೇ 13ರಂದು ‘ಸತ್ಯಮೇವ ಜಯತೆ’ ಟಿ.ವಿ. ಕಾರ್ಯಕ್ರಮದಲ್ಲಿ ತಮ್ಮ ಬಾಲ್ಯದ ನೋವನ್ನು ತಾವೇ ಹೇಳಿಕೊಂಡರು. ತಮಿಳು, ತೆಲುಗು, ಮಲಯಾಳಂನಲ್ಲಿ ಆ ಕಾರ್ಯಕ್ರಮ ಡಬ್ ಆಗಿ ಬಂತು; ಚಿತ್ರೋದ್ಯಮದ ವಿರೋಧದಿಂದ ಕನ್ನಡದಲ್ಲಿ ಬರಲಿಲ್ಲ. ಡಬ್ಬಿಂಗ್ ಬೇಡವೆನ್ನಲು ನಮ್ಮವರಿಗೆ ಕಾರಣಗಳಿದ್ದವು. ಹಾಗಾದರೆ ಅಂಥದ್ದೊಂದು ಮಾತಿಗೆ ಕನ್ನಡದಲ್ಲೇ ಜಾಗ ಮಾಡಿಕೊಡುವ ಹೊಣೆಯೂ ಅವರದೇ ಆಗಿತ್ತು.

ತೆರೆಯಾಚೆ ಕಾನೂನಿನಲ್ಲೂ ಈ ನೋವಿಗೆ ಜಾಗ ಕಡಿಮೆ. 2024ರ ಜೂನ್‌ನಲ್ಲಿ ಹಾಸನ ಜಿಲ್ಲೆಯ ವಿಧಾನ ಪರಿಷತ್ ಸದಸ್ಯರೊಬ್ಬರ ವಿರುದ್ಧ ಅವರದೇ ಪಕ್ಷದ ಕಾರ್ಯಕರ್ತನೊಬ್ಬ ಲೈಂಗಿಕ ದೌರ್ಜನ್ಯದ ದೂರು ಕೊಟ್ಟು, ಆಗಿನ ಭಾರತೀಯ ದಂಡ ಸಂಹಿತೆಯ 377ನೇ ಕಲಮಿನಡಿ ಪ್ರಕರಣ ದಾಖಲಾಯಿತು. ಆರೋಪದ ಸತ್ಯಾಸತ್ಯ ನ್ಯಾಯಾಲಯಕ್ಕೆ ಸೇರಿದ್ದು. ಆದರೆ ಅದೇ ವರ್ಷದ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಆ ಕಲಮು ಇಲ್ಲ. ಗಂಡುಮಕ್ಕಳಿಗೆ 2012ರ ಪೋಕ್ಸೊ ಕಾಯ್ದೆಯ ಆಸರೆಯಿದೆ. ವಯಸ್ಕ ಗಂಡಸಿನ ಮೇಲಿನ ಅತ್ಯಾಚಾರಕ್ಕೆ ಹೊಸ ಸಂಹಿತೆಯಲ್ಲಿ ಪ್ರತ್ಯೇಕ ಕಲಮೇ ಇಲ್ಲ.