ಕುರ್ಲಾದ ಪದ್ಮಿನಿ, ಟೀಸ್ ಸಾಹೇಬರ ಮೂರು ಸೂತ್ರ

ಮುಂಬಯಿಯ ಕುರ್ಲಾ ಪಶ್ಚಿಮದಲ್ಲಿ ಪ್ರೀಮಿಯರ್ ರಸ್ತೆ ಇನ್ನೂ ಇದೆ, ಪ್ರೀಮಿಯರ್ ಕಾರ್ಖಾನೆ ಇಲ್ಲ. ಕಾರು ತಯಾರಾಗುತ್ತಿದ್ದ ನೆಲದಲ್ಲಿ ಕೊಹಿನೂರ್ ಸಿಟಿಯ ಕಟ್ಟಡಗಳು ಎದ್ದಿವೆ. ಮ್ಯಾನೇಜ್‌ಮೆಂಟ್ ತರಗತಿಗಳಲ್ಲಿ ಬಹಳ ಮರ್ಯಾದೆ ಪಡೆದಿರುವ ‘ಡೈನಮಿಕ್ ಕೇಪಬಿಲಿಟೀಸ್’ ಸಿದ್ಧಾಂತವನ್ನು ತಿಕ್ಕಿ ನೋಡಲು ಇದಕ್ಕಿಂತ ಒಳ್ಳೆಯ ಒರೆಗಲ್ಲು ನನಗೆ ಕಾಣದು.

1997ರಲ್ಲಿ ಡೇವಿಡ್ ಟೀಸ್, ಗ್ಯಾರಿ ಪಿಸಾನೊ, ಏಮಿ ಶೂಯೆನ್ ಬರೆದ ಪ್ರಬಂಧದ ತಿರುಳು ಇಷ್ಟು: ಕಂಪನಿಯ ಬಲ ಅದರ ಯಂತ್ರ, ಪೇಟೆಂಟುಗಳಲ್ಲಿಲ್ಲ, ಕಾಲ ತಿರುಗಿದಾಗ ಇದ್ದುದನ್ನು ಬಿಚ್ಚಿ ಬೇರೆ ಥರ ಜೋಡಿಸುವ ಚಾತುರ್ಯದಲ್ಲಿದೆ. 2007ರಲ್ಲಿ ಟೀಸ್ ಅದನ್ನು ಮೂರಾಗಿ ಬಿಡಿಸಿದರು. ಗಾಳಿ ಯಾವ ಕಡೆ ಬೀಸುತ್ತಿದೆಯೆಂದು ಗ್ರಹಿಸುವುದು, ದುಡ್ಡು ಹೂಡಿ ಅವಕಾಶ ದಕ್ಕಿಸಿಕೊಳ್ಳುವುದು, ಆಮೇಲೆ ತನ್ನನ್ನೇ ಬದಲಿಸಿಕೊಳ್ಳುವುದು.

1940ರಲ್ಲಿ ಬೆಂಗಳೂರಿಗೆ ಹಿಂದೂಸ್ಥಾನ್ ಏರ್‌ಕ್ರಾಫ್ಟ್ ತಂದ ವಾಲ್‌ಚಂದ್ ಹೀರಾಚಂದರೇ 1944ರಲ್ಲಿ ಪ್ರೀಮಿಯರ್ ಆಟೊಮೊಬೈಲ್ಸ್ ಕಟ್ಟಿದವರು. ಹಡಗು, ವಿಮಾನ, ಕಾರು. ಗಾಳಿಯ ವಾಸನೆ ಹಿಡಿಯುವ ಮೂಗು ಆ ಮನುಷ್ಯನಿಗಿತ್ತು. ಅದು ಕಂಪನಿಯ ಮೈಗೆ ಇಳಿಯಿತೆ? ಕ್ರೈಸ್ಲರ್‌ನ ಡಾಡ್ಜ್, ಪ್ಲಿಮತ್ ಜೋಡಿಸುತ್ತಿದ್ದ ಪ್ರೀಮಿಯರ್ ಆಮೇಲೆ ಫಿಯಟ್ ಹಿಡಿಯಿತು. ಎಪ್ಪತ್ತರ ದಶಕದಲ್ಲಿ ಆ ಹಳೆಯ ಫಿಯಟ್ 1100 ಕಾರಿಗೇ ಪದ್ಮಿನಿ ಎಂದು ನಾಮಕರಣವಾಯಿತು. ಗಿರಾಕಿ ಹಣ ಕಟ್ಟಿ ವರ್ಷಗಟ್ಟಲೆ ಕಾಯುತ್ತಿದ್ದ ಕಾಲ. ಆಗ ಪಳಗಬೇಕಿದ್ದ ವಿದ್ಯೆ ಎಂದರೆ ದೆಹಲಿಯಿಂದ ಪರವಾನಗಿ ತರುವುದು. ಕಾರು ಚೆನ್ನಾಗಿರಬೇಕೆಂಬ ಅವಸರ ಯಾರಿಗಿತ್ತು?

1983ರ ಡಿಸೆಂಬರಿನಲ್ಲಿ ಮಾರುತಿ 800 ಬಂತು. ಪ್ರೀಮಿಯರ್ ಕಣ್ಣುಮುಚ್ಚಿ ಕೂತಿತ್ತು ಎಂಬುದು ಎಲ್ಲರೂ ಹೇಳುವ ಮಾತು, ನಾನು ಒಪ್ಪುವುದಿಲ್ಲ. 1985ರಲ್ಲೇ ಫಿಯಟ್ 124ರ ಮೈಗೆ ನಿಸಾನ್ ಎಂಜಿನ್ ಕೂರಿಸಿ 118 ಎನ್‌ಇ ತಂದಿತು. ತೊಂಬತ್ತರ ದಶಕದಲ್ಲಿ ಒಂದು ಕೈಯಲ್ಲಿ ಪೂಜೊ, ಇನ್ನೊಂದು ಕೈಯಲ್ಲಿ ಫಿಯಟ್. ಗ್ರಹಿಸಿತು, ಹೂಡಿತು. ಫಿಯಟ್‌ನ ಯೂನೊ ಕಾರಿಗೆ ಬುಕಿಂಗ್ ಹೊಳೆಯಂತೆ ಹರಿದು ಬಂತು; ಕಾರು ಮಾತ್ರ ಹನಿಹನಿಯಾಗಿ ತೊಟ್ಟಿಕ್ಕಿತು. ಕಾರ್ಮಿಕರೊಂದಿಗಿನ ಜಗಳ ಬಗೆಹರಿಯಲಿಲ್ಲ, ಪೂಜೊ ಗಂಟುಮೂಟೆ ಕಟ್ಟಿತು, ಫಿಯಟ್ ತನ್ನ ದಾರಿ ಹಿಡಿಯಿತು. ಎಡವಿದ್ದು ಮೂರನೆಯ ಮೆಟ್ಟಿಲಲ್ಲಿ. ಇದೇ ಮುಂಬಯಿಯ ನಮ್ಮ ಉಡುಪಿ ಹೋಟೆಲಿನವರು ದೋಸೆ ಕಾವಲಿಯ ಪಕ್ಕ ಪಾವ್‌ಭಾಜಿಯ ತವೆ ಇಟ್ಟರು, ಆಮೇಲೆ ಚೈನೀಸ್ ಒಲೆಯನ್ನೂ ಹಚ್ಚಿದರು. ಆದರೆ ಕಾರ್ಖಾನೆಯ ಸಾವಿರಾರು ಕೈಗಳ ಅಭ್ಯಾಸ ಬದಲಿಸುವುದು ಒಲೆ ಬದಲಿಸಿದಷ್ಟು ಸಲೀಸಲ್ಲ. ಟೀಸ್ ಆ ಮೆಟ್ಟಿಲನ್ನು ಮ್ಯಾನೇಜರನ ಕುರ್ಚಿಯಿಂದ ನೋಡುತ್ತಾರೆ. ಶಾಪ್‌ಫ್ಲೋರಿನ ಮಾತು ಅಲ್ಲಿಗೆ ಕ್ಷೀಣವಾಗಿ ಕೇಳುತ್ತದೆ.

ಲೈಸೆನ್ಸ್ ರಾಜ್ಯದ ಮೇಲೆ ಎಲ್ಲ ಹೊರೆ ಹಾಕಲೂ ಆಗದು. 1945ರಲ್ಲಿ ಹುಟ್ಟಿ, ಅದೇ ಪರವಾನಗಿಗಳಲ್ಲಿ ಬೆಳೆದು, ಜೀಪು ಜೋಡಿಸುತ್ತಿದ್ದ ಮಹೀಂದ್ರ 2002ರಲ್ಲಿ ಸ್ಕಾರ್ಪಿಯೊ ತಂದಿತು. ಇಲ್ಲೇ ಸಿದ್ಧಾಂತದ ದೊಡ್ಡ ತೊಡಕು. ಮಹೀಂದ್ರಕ್ಕೆ ಆ ಸಾಮರ್ಥ್ಯ ಇತ್ತೆಂದು ಹೇಗೆ ಗೊತ್ತು? ಉಳಿಯಿತಲ್ಲ! ಪ್ರೀಮಿಯರ್‌ಗೆ ಇರಲಿಲ್ಲವೆಂದು? ಮುಳುಗಿತಲ್ಲ! ಹೆಣದ ಮುಂದೆ ಕೂತು ಜಾತಕ ಬರೆದ ಹಾಗೆ.

ಇನ್ನೊಂದು ಕೊರತೆ ಕಾಣಲು ಕುರ್ಲಾದ ಸಿಎಸ್‌ಟಿ ರಸ್ತೆಗೆ ಹೋಗಬೇಕು. ಗ್ಯಾರೇಜು, ಹಳೆ ಬಿಡಿಭಾಗ, ಗುಜರಿಯ ಸಾಲು ಅಲ್ಲಿದೆ. ಕಾರ್ಖಾನೆ ಪದ್ಮಿನಿಯ ಕೈಬಿಟ್ಟ ಮೇಲೂ ಮುಂಬಯಿಯ ಮೆಕ್ಯಾನಿಕ್‌ಗಳು ಬಿಡಲಿಲ್ಲ. ಪೆಟ್ರೋಲ್ ಎಂಜಿನ್ ಕಿತ್ತು ಡೀಸೆಲ್ ಕೂರಿಸಿದರು, ನಿಯಮ ಬದಲಾದಾಗ ಡಿಕ್ಕಿಯಲ್ಲಿ ಸಿಎನ್‌ಜಿ ಸಿಲಿಂಡರ್ ಇಟ್ಟರು. ಬಿಚ್ಚಿ ಬೇರೆ ಥರ ಜೋಡಿಸುವುದು ಎಂದು ಟೀಸ್ ಹೇಳಿದ್ದು ಅಕ್ಷರಶಃ ಇದನ್ನೇ. ಆದರೆ ಅವರ ಲೆಕ್ಕ ಕಂಪನಿಯ ಗೇಟಿನೊಳಗೇ ಮುಗಿಯುತ್ತದೆ; ಯಾರ ಬ್ಯಾಲೆನ್ಸ್ ಶೀಟಿಗೂ ಸೇರದ ಈ ಕೈಚಳಕಕ್ಕೆ ಅಲ್ಲಿ ಕಾಲಂ ಇಲ್ಲ.

ಮುಂಬಯಿಯ ಕೊನೆಯ ಪದ್ಮಿನಿ ಟ್ಯಾಕ್ಸಿ ನೋಂದಣಿಯಾದದ್ದು 2003ರಲ್ಲಿ. 2023ರ ಅಕ್ಟೋಬರಿನಲ್ಲಿ ಅದು ರಸ್ತೆಯಿಂದ ಇಳಿಯಿತು. ಇಳಿಸಿದ್ದು ಮೆಕ್ಯಾನಿಕ್ ಅಲ್ಲ, ಟ್ಯಾಕ್ಸಿಗಳಿಗಿರುವ 20 ವರ್ಷದ ವಯೋಮಿತಿ.