ರ‍್ಯಾಂಪೇಜ್: ಕೆಡವುವವರ ಆಟ

‘ರ‍್ಯಾಂಪೇಜ್’ ಅಮೆರಿಕದ ಬ್ಯಾಲಿ ಮಿಡ್‌ವೇ ಕಂಪನಿ 1986ರಲ್ಲಿ ಹೊರತಂದ ಆರ್ಕೇಡ್ ಆಟ. ರೂಪಿಸಿದವರು ಬ್ರಯಾನ್ ಕಾಲಿನ್ ಮತ್ತು ಜೆಫ್ ನೌಮನ್. ಊರು ಕಾಯುವ ವೀರನ ಬದಲು ಊರು ಕೆಡವುವ ದೈತ್ಯನನ್ನೇ ಆಟಗಾರನ ಕೈಗಿತ್ತದ್ದು ಇದರ ಜಾಣ್ಮೆ. ಗೊರಿಲ್ಲಾದಂಥ ಜಾರ್ಜ್, ಹಲ್ಲಿಯಂಥ ಲಿಜ್ಜಿ, ತೋಳದಂಥ ರಾಲ್ಫ್ ಮೂವರೂ ಮೂಲತಃ ಮನುಷ್ಯರು. ಮೂರು ಜನ ಒಂದೇ ಯಂತ್ರದೆದುರು ಒಟ್ಟಿಗೆ ಆಡಬಹುದಿತ್ತು. ಕಟ್ಟಡವನ್ನು ಹತ್ತಿ ಗುದ್ದಿದಷ್ಟೂ ಗೋಡೆಯಲ್ಲಿ ತೂತು ಬೀಳುತ್ತವೆ, ಕೊನೆಗೆ ಇಡೀ ಕಟ್ಟಡ ಕುಸಿಯುತ್ತದೆ. ಕಿಟಕಿಯಲ್ಲಿ ಸಿಕ್ಕ ತಿನಿಸು ಬಲ ಕೊಡುತ್ತದೆ. ಬಲ ಉಡುಗಿದ ದೈತ್ಯ ಬೆತ್ತಲೆ ಮನುಷ್ಯನಾಗಿ ಕುಗ್ಗಿ, ಮೈ ಮುಚ್ಚಿಕೊಳ್ಳುತ್ತ ಪರದೆಯಂಚಿಗೆ ಸರಿಯುತ್ತಾನೆ. ಆಗ ಜೊತೆಗಾರ ಅವನನ್ನು ತಿಂದುಬಿಡಲೂಬಹುದು! ಗೆಳೆಯರ ನಡುವೆ ನಗು, ಜಗಳ ಎರಡನ್ನೂ ಹುಟ್ಟಿಸುವ ಇಂಥ ಸೂಕ್ಷ್ಮ ಆ ಕಾಲದ ಆಟಗಳಲ್ಲಿ ಅಪರೂಪ.

2018ರಲ್ಲಿ ಬ್ರ್ಯಾಡ್ ಪೇಟನ್ ಇದನ್ನು ಸಿನಿಮಾ ಮಾಡಿದರು. ನಾಯಕ ಡ್ವೇನ್ ಜಾನ್ಸನ್. ಇಲ್ಲಿ ದೈತ್ಯರು ಮನುಷ್ಯರಲ್ಲ, ಜೀನ್ ತಿದ್ದುವ ಪ್ರಯೋಗದಿಂದ ಬೆಳೆದ ಬಿಳಿ ಗೊರಿಲ್ಲಾ, ತೋಳ, ಮೊಸಳೆ. ಖಳರ ಕಚೇರಿಯಲ್ಲಿ ಹಳೆಯ ಆಟದ ಯಂತ್ರವೇ ನಿಂತಿದೆ. ಷಿಕಾಗೊದ ವಿನಾಶ ಕಣ್ಣು ತುಂಬಿದರೂ, ಕೈಸನ್ನೆಯಲ್ಲಿ ಮಾತಾಡುವ ಜಾರ್ಜ್‌ನ ಸ್ನೇಹವೇ ಚಿತ್ರದ ನಿಜವಾದ ಸತ್ವ.