ಲಗಾಶ್‌ನ ಕತ್ತಲೆ

ಐಸಾಕ್ ಅಸಿಮೋವ್ 1941ರಲ್ಲಿ, ತನ್ನ ಇಪ್ಪತ್ತೊಂದನೇ ವಯಸ್ಸಿನಲ್ಲಿ ಬರೆದ ‘ನೈಟ್‌ಫಾಲ್’ ಕತೆಯನ್ನು ನಾವು ಮೆಚ್ಚಿಯೇ ಓದಿದೆವು. ಆರು ಸೂರ್ಯರಿರುವ ಲಗಾಶ್ ಲೋಕದಲ್ಲಿ ರಾತ್ರಿ ಅನ್ನೋದೇ ಇಲ್ಲ. 2049 ವರ್ಷಕ್ಕೊಮ್ಮೆ ಮಾತ್ರ, ಆಕಾಶದಲ್ಲಿ ಒಬ್ಬನೇ ಸೂರ್ಯ ಉಳಿದಿರುವಾಗ, ಅವನನ್ನೂ ಕಣ್ಣಿಗೆ ಬೀಳದ ಚಂದ್ರನೊಂದು ಮುಚ್ಚುತ್ತದೆ. ಕತ್ತಲೆ ಕಂಡರಿಯದ ಜನ ಬೆಳಕಿಗಾಗಿ ಸಿಕ್ಕಿದ್ದಕ್ಕೆಲ್ಲ ಬೆಂಕಿ ಹಚ್ಚುತ್ತಾರೆ. ನಾಗರಿಕತೆ ಬೂದಿ, ಕಾಲ ಮತ್ತೆ ಮೊದಲಿಂದ ಶುರು. ಕಾಲವನ್ನೇ ಬಳೆಯಂತೆ ಬಗ್ಗಿಸಿದ ಈ ಕಲ್ಪನೆ ದೊಡ್ಡದು, ಎರಡು ಮಾತಿಲ್ಲ.

ನಮ್ಮ ತಕರಾರು ಬೇರೆ. ಮುಂದಾಗೋದನ್ನು ಲೆಕ್ಕ ಹಾಕಿ ತಿಳಿದ ವಿದ್ವಾಂಸರು ಒಂದು ಅಡಗುತಾಣ ಮಾಡಿಕೊಳ್ಳುತ್ತಾರೆ. ಒಳಗೆ ಸುಮಾರು 300 ಜನ. ಯಾರಪ್ಪಾ ಇವರು? ಅವರವರ ಮನೆಯವರು, ನಂಬಿ ಬಂದ ಕೆಲವು ಹೊರಗಿನವರು. ಊರಿಗೆ ಊರೇ ಬಾಗಿಲ ಹೊರಗೆ! ಮುಂಚೆ ಹೇಳಿದಾಗ ಜನ ನಂಬಲಿಲ್ಲ, ನಿಜ. ಪತ್ರಕರ್ತ ಥೆರೆಮಾನನೂ ಗೇಲಿ ಮಾಡಿದವನೇ. ಆದರೆ ಅವನಿಗೆ ‘762’ ಅಂತ ನಂಬರು ಸಮೇತ ಹೆಸರುಂಟು, ವೀಕ್ಷಣಾಲಯದೊಳಗೆ ಜಾಗವುಂಟು. ಅದೇ ವೀಕ್ಷಣಾಲಯದ ಬಾಗಿಲು ಒಡೆಯಲು ಬರುವ ಗುಂಪಿನಲ್ಲಿ ಒಬ್ಬನಿಗೂ ಕತೆಗಾರ ಹೆಸರು ಕೊಡಲಿಲ್ಲ, ಮುಖ ಕೊಡಲಿಲ್ಲ. ಬರೀ ಗದ್ದಲ ಕೊಟ್ಟ.

ಇನ್ನೊಂದು ಮಾತು ಕೇಳಲೇಬೇಕು. ಕತ್ತಲೆ ಕಂಡರೆ ಎಲ್ಲರಿಗೂ ಹುಚ್ಚು ಹಿಡಿಯೋ ಲೋಕದಲ್ಲಿ, ಆ ದೂರದರ್ಶಕದ ಲೋಹವನ್ನು ನೆಲದೊಳಕ್ಕೆ ಇಳಿದು ಅಗೆದು ತಂದವರು ಯಾರು?